ಗುಂಡು ಹಾರದೇ ಇದ್ದಾಗ ಸೈನಿಕರು ಏನ್ ಮಾಡ್ತಾರೆ? – ನಿಮ್ಮ ಪ್ರಶ್ನೆ, ಮಾಜಿ ಸುಬೇದಾರನ ಉತ್ತರ

ಹೋದ ಸಂಚಿಕೇಲಿ ಯುದ್ಧದ ಟೈಮಲ್ಲಿ ಸೈನಿಕರ ದಿನ ಹೆಂಗಿರುತ್ತೆ, ಟೆನ್ಷನ್ ಹೆಂಗೆ ತಡ್ಕೋತಾರೆ ಅನ್ನೋದ್ರ ಬಗ್ಗೆ ಪ್ರಶ್ನೆ ಕಳಿಸಿ ಅಂದಿದ್ದೇ ತಡ, ಸಂಪಾದಕರು ಒಂದು ಕಟ್ಟನ್ನೇ ನನ್ನ ಮನೆಗೆ ಕಳಿಸಿದಾರೆ. ಅದರಲ್ಲಿ ಅರ್ಧ "ಪಾಕಿಸ್ತಾನದ ಕಥೆ ಯಾವಾಗ ಮುಗಿಸ್ತೀರಿ" ಅನ್ನೋವು, ಅದು ನನ್ನ ಡಿಪಾರ್ಟ್‌ಮೆಂಟ್ ಅಲ್ಲ, ಪಕ್ಕಕ್ಕಿಟ್ಟಿದೀನಿ. ನಾನು ಸಿಗ್ನಲ್ಸ್‌ನವನು, ಅಂದ್ರೆ ಸೈನ್ಯದ ಫೋನು ವೈರ್‌ಲೆಸ್ ನೋಡ್ಕೊಳ್ಳೋ ವಿಭಾಗ, ವೈರು ಎಳೆದು ಸೆಟ್ಟಿನ ಮುಂದೆ ಕೂತವನು, ಬೆಟ್ಟ ಹತ್ತಿ ಬಂಕರ್ ಹಿಡಿದವನಲ್ಲ, ಅದನ್ನ ಮೊದಲೇ ಹೇಳಿಬಿಡ್ತೀನಿ. ಆದ್ರೆ ಕಾಯೋದು ಅಂದ್ರೇನು ಅಂತ ಚೆನ್ನಾಗಿ ಗೊತ್ತು, ಪೆನ್ಷನ್ ಬಂದ ಮೇಲೆ ಹಳೇ ಯುದ್ಧಗಳ ಬಗ್ಗೆ ಓದೋ ಚಟವೂ ಹತ್ತಿದೆ.

ಪ್ರಶ್ನೆ: ಟಿವಿ ಹಾಕಿದ್ರೆ ಯುದ್ಧ ಅಂದ್ರೆ ಇಪ್ಪತ್ನಾಲ್ಕು ಗಂಟೇನೂ ಢಂ ಢಂ. ನಿಜವಾಗ್ಲೂ ಸೈನಿಕರಿಗೆ ಪುರುಸೊತ್ತು ಅಂತ ಇರುತ್ತಾ ಸಾರ್? — ಓದುಗರು, ತಿಪಟೂರು

ಪುರುಸೊತ್ತು ಇರುತ್ತೆ ಸ್ವಾಮಿ, ಬೇಕಾದ್ದಕ್ಕಿಂತ ಜಾಸ್ತಿ ಇರುತ್ತೆ, ಅದೇ ದೊಡ್ಡ ತಲೆನೋವು. ಗುಂಡು ಹಾರೋದು ಸ್ವಲ್ಪ ಹೊತ್ತು, ಮಿಕ್ಕಿದ್ದೆಲ್ಲ ಕಾಯೋದು. ಆರ್ಡರ್ ಬರ್ಲಿ ಅಂತ ಕಾಯೋದು, ಕತ್ತಲಾಗ್ಲಿ ಅಂತ ಕಾಯೋದು, ಮೋಡ ಸರಿದು ಹೆಲಿಕಾಪ್ಟರ್ ಬರ್ಲಿ ಅಂತ ಕಾಯೋದು, ಕೊನೆಗೆ ಎದುರುಗಡೆಯವನು ಹೊಡೀತಾನಾ ಇಲ್ವಾ ಅಂತ ಕಾಯೋದು.

1914ರಿಂದ 1918ರ ಮೊದಲ ಮಹಾಯುದ್ಧ ತಗೊಳ್ಳಿ, ಫ್ರಾನ್ಸ್, ಬೆಲ್ಜಿಯಂ ಕಡೆ ಸಾವಿರಾರು ಸೈನಿಕರು ನಾಲ್ಕು ವರ್ಷ ಕಂದಕದಲ್ಲೇ ಕೂತಿದ್ರು ಅಂತ ನಾವು ಅಂದ್ಕೊಂಡಿದೀವಿ. ಹಂಗಲ್ಲ. ಬ್ರಿಟಿಷ್ ಪಲ್ಟನ್‌ಗಳಿಗೆ ಸರದಿ ಇತ್ತು, ಕೆಲವು ದಿನ ಮುಂದಿನ ಕಂದಕ, ಕೆಲವು ದಿನ ಅದರ ಹಿಂದಿನ ಸಪೋರ್ಟ್ ಕಂದಕ, ಆಮೇಲೆ ರಿಸರ್ವ್, ಆಮೇಲೆ ಇನ್ನೂ ಹಿಂದೆ ಯಾವುದಾದ್ರೂ ಹಳ್ಳೀಲಿ ರೆಸ್ಟು. ಮುಂದಿನ ಕಂದಕದಲ್ಲೂ ಹಗಲೆಲ್ಲ ತಲೆ ಎತ್ತಂಗಿಲ್ಲ, ಅದಕ್ಕೆ ತೂಕಡಿಸೋದು, ರೈಫಲ್ ಉಜ್ಜೋದು, ಅಂಗಿ ಮಡಿಕೇಲಿ ಹೇನು ಹುಡುಕೋದು, ಕಾಗದ ಬರೆಯೋದು. ಕತ್ತಲಾದ ಮೇಲೆ ನಿಜವಾದ ದುಡಿಮೆ, ಮುಳ್ಳುತಂತಿ ಸರಿಮಾಡೋದು, ಮರಳುಚೀಲ ತುಂಬೋದು, ನೀರು ರೇಷನ್ ಹೊರೋದು. ಬೆಳಗಿನ ಜಾವ ಮತ್ತೆ ಮುಸ್ಸಂಜೆ ಎಲ್ಲರೂ ಬಂದೂಕು ಹಿಡ್ದು ರೆಡಿ ನಿಲ್ಲೋ 'ಸ್ಟ್ಯಾಂಡ್ ಟು', ಅದು ನಮ್ಮಲ್ಲೂ ಇವತ್ತಿಗೂ ಇದೆ.

ನಮ್ಮ ಲಡಾಕ್ ಕಡೆ ಕಾಯೋದು ಡಾಕ್ಟರ ಆರ್ಡರ್ರೇ. ಕೆಳಗಿನಿಂದ ಬಂದವನು 9,000 ಅಡಿ ದಾಟಿದ ಮೇಲೆ ಆರು ದಿನ, 12,000 ದಾಟಿದ್ರೆ ಇನ್ನೂ ನಾಲ್ಕು ದಿನ, 15,000 ದಾಟಿದ್ರೆ ಮತ್ತೆ ನಾಲ್ಕು ದಿನ ಅಲ್ಲಲ್ಲೇ ಇದ್ದು ಮೈ ಒಗ್ಗಿಸ್ಕೊಬೇಕು, ಇಲ್ಲಾಂದ್ರೆ ಶ್ವಾಸಕೋಶದಲ್ಲಿ ನೀರು ತುಂಬಿ ಗುಂಡು ತಾಗದೇನೇ ಪ್ರಾಣ ಹೋಗುತ್ತೆ. ಮೇಲ್ಗಡೆ ಜೊತೆಯವರು ಕಾದಾಡ್ತಿರೋವಾಗ ಕೆಳಗೆ ಕೂತು ಮೆಲ್ಲಗೆ ವಾಕ್ ಮಾಡ್ತಾ ದಿನ ಎಣಿಸೋದಿದೆಯಲ್ಲ, ಅದಕ್ಕಿಂತ ಹತ್ತಿ ಹೋಗೋದೇ ವಾಸಿ ಅನ್ಸುತ್ತೆ.

ಪ್ರಶ್ನೆ: ಟೈಮ್ ಪಾಸ್‌ಗೆ ಏನ್ ಆಟ ಆಡ್ತಾರೆ? — ಒಂಬತ್ತನೇ ಕ್ಲಾಸ್ ವಿದ್ಯಾರ್ಥಿ, ಗದಗ

ಇಸ್ಪೀಟು, ಕೇರಂ, ಲೂಡೋ, ಚೆಸ್ಸು. ಜಾಗ ಸಮ ಇದ್ರೆ ವಾಲಿಬಾಲ್, ಯಾಕಂದ್ರೆ ಎರಡು ಕಂಬ ಒಂದು ನೆಟ್ ಸಾಕು, ಗುಡ್ಡದ ಮೇಲೂ ಒಂದು ಚೂರು ನೆಲ ಹೆಂಗೋ ಸಿಗುತ್ತೆ (ಬಾಲ್ ಕೆಳಗುರುಳಿದ್ರೆ ಜೂನಿಯರ್ ಇಳಿದು ತರ್ಬೇಕು, ಅದೂ ಪಿಟಿನೇ). ದುಡ್ಡು ಕಟ್ಟಿ ಆಡಂಗಿಲ್ಲ ಅಂತ ರೂಲ್ಸ್ ಇದೆ. ರೂಲ್ಸ್ ಮೊದಲ ಮಹಾಯುದ್ಧದಲ್ಲೂ ಇತ್ತು, ಆದ್ರೂ ಬ್ರಿಟಿಷ್ ಸೈನಿಕರು ಕಿರೀಟ, ಲಂಗರು ಚಿತ್ರ ಇರೋ ದಾಳ ಉರುಳಿಸಿ ಸಂಬಳ ಕಳ್ಕೊಂಡ್ರು. ಇನ್ನು ಕೆಲವರು ಬಿದ್ದಿರೋ ಫಿರಂಗಿ ಶೆಲ್‌ಗಳ ಹಿತ್ತಾಳೆ ಖೋಲುಗಳನ್ನ ತಟ್ಟಿ ಕೊರೆದು ಹೂದಾನಿ, ಸಿಗರೇಟ್ ಲೈಟರ್, ಕಾಗದ ಕತ್ತರಿಸೋ ಚಾಕು ಮಾಡ್ತಿದ್ರು, ಅವು ಈಗ ಮ್ಯೂಸಿಯಂಗಳಲ್ಲಿವೆ. ನನ್ನ ಲೆಕ್ಕದಲ್ಲಿ ಇಸ್ಪೀಟಿಗಿಂತ ಇದೇ ಒಳ್ಳೇದು, ಕೈಗೆ ಕೆಲಸ ಇದ್ದಾಗ ತಲೆ ಸುಮ್ಮನಿರುತ್ತೆ.

ಪ್ರಶ್ನೆ: ನಮ್ಮ ಮುತ್ತಜ್ಜ ಮೊದಲ ಮಹಾಯುದ್ಧಕ್ಕೆ ಹೋಗಿದ್ರಂತೆ. ಅಷ್ಟು ದೂರದ ಊರಲ್ಲಿ ನಮ್ಮವರು ಹೆಂಗೆ ಕಾಲ ಕಳೆದಿರಬಹುದು? — ಓದುಗರು, ಮೈಸೂರು

ನಿಮ್ಮ ಮುತ್ತಜ್ಜ ಯಾವ ಪಲ್ಟನ್ ಅಂತ ಬರೆದಿಲ್ಲ, ಮೈಸೂರಿನವರು ಅಂದ ಮೇಲೆ ಮೈಸೂರು ಲ್ಯಾನ್ಸರ್ಸ್ ಆಗಿದ್ರೂ ಆಗಿರಬಹುದು. ಮಹಾರಾಜರ ಕುದುರೆ ಪಡೆ, ಈಜಿಪ್ಟ್ ಸೂಯೆಜ್ ಕಾಲುವೆ ಕಡೆ ಕಾವಲಿಗೆ ಹೋಗಿದ್ದು, 1918ರ ಸೆಪ್ಟೆಂಬರ್ 23ಕ್ಕೆ ಜೋಧ್‌ಪುರದವರ ಜೊತೆ ಸೇರಿ ಈಗಿನ ಇಸ್ರೇಲಿನ ಹೈಫಾ ಊರನ್ನ ಗೆದ್ದಿದ್ದು. ಎಲ್ಲರೂ ಆ ಒಂದು ದಿನದ ದಾಳಿನೇ ಹೇಳ್ತಾರೆ. ಆ ದಿನದ ಹಿಂದೆ ಮರಳುಗಾಡಲ್ಲಿ ಸುಮಾರು ನಾಲ್ಕು ವರ್ಷ ಇದೆ, ಅದನ್ನ ಯಾರೂ ಹೇಳಲ್ಲ. ಕುದುರೆ ಪಡೆಯವನಿಗೆ ಒಂದು ಅನುಕೂಲ ಏನಂದ್ರೆ ಖಾಲಿ ಕೂರಕ್ಕೆ ಕುದುರೆ ಬಿಡಲ್ಲ, ನೀರು ಕುಡಿಸ್ಬೇಕು, ಮೈ ಉಜ್ಜಬೇಕು, ಗೊರಸು ನೋಡ್ಬೇಕು, ತನ್ನ ಊಟಕ್ಕಿಂತ ಮುಂಚೆ ಅದರ ಊಟ. ಬೇಜಾರಾದ್ರೆ ಅದರ ಕಿವೀಲಿ ಕನ್ನಡದಲ್ಲೇ ಗೊಣಗಬಹುದು, ಮೇಲಿನವರಿಗೆ ರಿಪೋರ್ಟ್ ಹೋಗಲ್ಲ.

ಫ್ರಾನ್ಸಿಗೆ ಹೋದ ಭಾರತದ ಕಾಲಾಳುಗಳ ಕಥೆ ಬೇರೆ. 1914ರ ಸೆಪ್ಟೆಂಬರ್ ಕೊನೇಲಿ ಮಾರ್ಸೇಲ್ಸ್ ಬಂದರಲ್ಲಿಳಿದ್ರು, ಮುಂದೆ ಹಿಮ, ಕೆಸರು, ಗೊತ್ತಿಲ್ಲದ ಭಾಷೆ. ಆ ವರ್ಷದ ಕ್ರಿಸ್‌ಮಸ್‌ಗೆ ರಾಜಕುಮಾರಿ ಮೇರಿ ಹೆಸರಲ್ಲಿ ಸೈನಿಕರಿಗೆಲ್ಲ ಹಿತ್ತಾಳೆ ಡಬ್ಬಿ ಹಂಚಿದ್ರು, ಬ್ರಿಟಿಷರ ಡಬ್ಬೀಲಿ ತಂಬಾಕು, ಸಿಖ್ಖರ ಡಬ್ಬೀಲಿ ಕಲ್ಲುಸಕ್ಕರೆ, ಜೊತೆಗೆ ಮಸಾಲೆ ಪದಾರ್ಥ. ಆ ಚಳೀಲಿ ಏಲಕ್ಕಿ ಲವಂಗದ ವಾಸನೆ ಬಂದ್ರೆ ಹೆಂಗಿರುತ್ತೆ ಯೋಚನೆ ಮಾಡಿ.

ಅವರಿಗೆ ದೊಡ್ಡ ಆಸರೆ ಅಂದ್ರೆ ಕಾಗದ. ಓದು ಬರಹ ಬಾರದವರೇ ಜಾಸ್ತಿ, ಬರೆಯಕ್ಕೆ ಬರೋ ಒಬ್ಬನ ಸುತ್ತ ಕೂತು ಹೇಳಿ ಬರೆಸೋರು, ಊರಿಂದ ಬಂದಿದ್ದನ್ನ ಅವನೇ ಗಟ್ಟಿಯಾಗಿ ಓದೋನು, ಹಂಗಾಗಿ ಒಬ್ಬನ ಮನೆ ಎಮ್ಮೆ ಕರು ಹಾಕಿದ ಸುದ್ದಿ ಇಡೀ ಗುಂಪಿಗೇ ಸುದ್ದಿ. ಅಧಿಕಾರಿಗಳು ಎಲ್ಲಾ ಕಾಗದ ಒಡೆದು ಓದ್ತಾರೆ ಅಂತ ಗೊತ್ತಾದ ಮೇಲೆ ನಮ್ಮವರು ಗುಟ್ಟಿನ ಮಾತು ಶುರು ಮಾಡಿದ್ರು, ಭಾರತದ ಸೈನಿಕರು ಅಂದ್ರೆ ಕರಿ ಮೆಣಸು, ಬ್ರಿಟಿಷರು ಅಂದ್ರೆ ಕೆಂಪು ಮೆಣಸು, ಕರಿ ಮೆಣಸು ಖಾಲಿ ಆಗ್ತಾ ಇದೆ ಅಂದ್ರೆ ಓದಿದವರಿಗೆ ಅರ್ಥ ಆಗ್ಬೇಕು ಯಾರು ಸಾಯ್ತಿದಾರೆ ಅಂತ. ಸೆನ್ಸಾರ್‌ನವರಿಗೂ ಅರ್ಥ ಆಗಿತ್ತು ಬಿಡಿ, ಅವರು ಮಾಡಿಟ್ಟ ಕಾಪಿಗಳಿಂದಲೇ ಇವತ್ತು ನಮಗೆ ಇದೆಲ್ಲ ಗೊತ್ತಾಗಿರೋದು.

ಪ್ರಶ್ನೆ: ನಮ್ಮ ಯಜಮಾನರು ಫಾರ್ವರ್ಡ್ ಪೋಸ್ಟ್‌ನಲ್ಲಿದಾರೆ. ವಾರಗಟ್ಟಲೆ ಫೋನ್ ಬರಲ್ಲ, ಬಂದ್ರೂ ಎರಡು ನಿಮಿಷ. ಏನ್ ಮಾತಾಡ್ಬೇಕು ಅಂತಾನೇ ಗೊತ್ತಾಗಲ್ಲ. ಮನೆ ಕಷ್ಟ ಹೇಳ್ಬೇಕಾ ಬೇಡ್ವಾ? — ಓದುಗರು, ಶಿಕಾರಿಪುರ

ಅಮ್ಮಾ, ಈ ಕಟ್ಟಿನಲ್ಲಿ ನಿಮ್ಮ ಕಾಗದಾನೇ ಮೊದಲು ಓದಿದ್ದು.

ನಮ್ಮ ಕಾಲದಲ್ಲಿ ಫೋನ್ ಇರ್ಲಿಲ್ಲ, ಕಾಗದ ಇತ್ತು. ಹೆಸರು, ನಂಬರು, ಯೂನಿಟ್ಟು, ಕೆಳಗೆ '56 ಎಪಿಒ', ಪೂರ್ವದ ಕಡೆ ಆದ್ರೆ '99 ಎಪಿಒ' (ಎಪಿಒ ಅಂದ್ರೆ ಸೇನೆಯ ಅಂಚೆ ಕಚೇರಿ), ಅಷ್ಟೇ ಅಡ್ರೆಸ್ಸು, ಊರಿನ ಹೆಸರೇ ಇಲ್ಲ, ಶತ್ರುವಿಗೆ ಯಾವ ಪಲ್ಟನ್ ಎಲ್ಲಿದೆ ಅಂತ ತಿಳೀಬಾರ್ದು ಅಂತ. ಮನೆಯವರಿಗೆ ಮಾತ್ರ ಇದೊಂದು ಸಂಕಟ, ಗಂಡ ಎಲ್ಲಿದಾನೆ ಅಂದ್ರೆ ಐವತ್ತಾರು ಎಪಿಒದಲ್ಲಿದಾನೆ ಅನ್ನೋರು, ಅದೊಂದು ದೊಡ್ಡ ಊರು ಅಂತ ನಮ್ಮ ಕಡೆ ಅಜ್ಜಿಯರೆಲ್ಲ ನಂಬಿದ್ರು. ಡಾಕ್ ಬಂತು ಅಂದ್ರೆ ಪೋಸ್ಟಲ್ಲಿ ಯಾರೂ ಮಲಗಿರ್ತಿರ್ಲಿಲ್ಲ. ಒಂದೇ ಇನ್‌ಲ್ಯಾಂಡ್ ಲೆಟರನ್ನ ಮಡಿಕೆ ಹರಿಯೋವರೆಗೂ ಓದೋರಿದ್ರು. ಆ ಕಾಗದದಲ್ಲಿ ಘನಂದಾರಿ ವಿಷಯ ಏನೂ ಇರ್ತಿರ್ಲಿಲ್ಲ, ಮಳೆ ಆಯ್ತು, ಬೋರು ಕೆಟ್ಟಿತ್ತು ರಿಪೇರಿ ಮಾಡಿಸ್ದೆ, ಪಾಪು ಹಲ್ಲು ಬಂತು, ಇಷ್ಟೇ. ಇಷ್ಟೇ ಬೇಕಾಗಿದ್ದು ನಮಗೆ.

ಅದಕ್ಕೆ ನನ್ನ ಸಲಹೆ, ಕಷ್ಟ ಮುಚ್ಚಿಡಬೇಡಿ, ಆದ್ರೆ ಎರಡು ನಿಮಿಷದ ಫೋನಲ್ಲಿ ಅರ್ಧಂಬರ್ಧ ಹೇಳಿ ಕಟ್ ಮಾಡ್ಬೇಡಿ. "ಅತ್ತೆಗೆ ಹುಷಾರಿಲ್ಲ" ಅಂತ ಹೇಳಿ ಲೈನ್ ಹೋಯ್ತು ಅಂದ್ರೆ ಆ ಮನುಷ್ಯ ಮುಂದಿನ ಫೋನ್ ಬರೋವರೆಗೂ ಏನೇನೋ ಕಲ್ಪಿಸ್ಕೊಂಡು ಕೂತಿರ್ತಾನೆ, ಕೈಲಿ ಬಂದೂಕು ಬೇರೆ ಇರುತ್ತೆ. "ಅತ್ತೆಗೆ ಜ್ವರ ಇತ್ತು, ಆಸ್ಪತ್ರೆಗೆ ಕರ್ಕೊಂಡ್ ಹೋದೆ, ಮಾತ್ರೆ ಕೊಟ್ಟಿದಾರೆ, ಈಗ ಗಂಜಿ ಕುಡಿದ್ರು" ಅಂತ ಕೊನೆ ಮುಟ್ಟಿಸಿ ಹೇಳಿ. ಜಮೀನು ಜಗಳ, ಬ್ಯಾಂಕಿನ ನೋಟಿಸ್ ಇಂಥವು ಇದ್ರೆ ಕಾಗದದಲ್ಲಿ ವಿವರವಾಗಿ ಬರೀರಿ, ಅವರು ಅದನ್ನ ಯೂನಿಟ್ಟಿನ ಮುಖ್ಯಸ್ಥ ಸಿಒ ಸಾಹೇಬರಿಗೆ ತೋರಿಸಿದ್ರೆ ಯೂನಿಟ್ ಕಡೆಯಿಂದ ಡಿಸಿ ಆಫೀಸಿಗೆ ಪತ್ರ ಹೋಗುತ್ತೆ, ಜಿಲ್ಲಾ ಸೈನಿಕ ಬೋರ್ಡೂ ಇದೆ. ಹೌದು, ಈ ಕಾಲದಲ್ಲೂ ಕಾಗದ ಬರೀರಿ. ಫೋನಿನ ಮಾತು ಮುಗಿದ್ಮೇಲೆ ಇರಲ್ಲ, ಕಾಗದ ಜೇಬಲ್ಲಿರುತ್ತೆ.

ಇನ್ನು ಫೋನ್ ಯಾಕೆ ಕೊಡಲ್ಲ ಅಂತ ಬೇಜಾರು ಮಾಡ್ಕೋಬೇಡಿ. 2023ರ ಹೊಸ ವರ್ಷದ ರಾತ್ರಿ ಯುಕ್ರೇನಿನ ಮಕೀವ್ಕಾ ಊರಲ್ಲಿ ರಷ್ಯಾದ ಸೈನಿಕರು ಉಳ್ಕೊಂಡಿದ್ದ ಕಟ್ಟಡಕ್ಕೆ ರಾಕೆಟ್ ಬಿತ್ತು, 89 ಜನ ಸತ್ತರು ಅಂತ ರಷ್ಯಾನೇ ಒಪ್ಕೊಂತು, ಕಾರಣ ಕೇಳಿದ್ರೆ ಅಲ್ಲಿದ್ದ ಸೈನಿಕರೇ ಮೊಬೈಲ್ ಬಳಸಿದ್ರಿಂದ ಜಾಗ ಗೊತ್ತಾಯ್ತು ಅಂದ್ರು. ಅಷ್ಟು ಜನರನ್ನ ಒಂದೇ ಕಟ್ಟಡದಲ್ಲಿ ತುಂಬಿದವರ ತಪ್ಪೇನೂ ಇಲ್ವಾ ಅಂತ ರಷ್ಯಾದವರೇ ಕೇಳಿದ್ರು, ಅದು ಬೇರೆ. ನಮ್ಮ ಸೇನೆ 2020ರ ಜುಲೈನಲ್ಲಿ ಫೇಸ್‌ಬುಕ್, ಇನ್‌ಸ್ಟಾಗ್ರಾಂ ಸೇರಿ 89 ಆ್ಯಪ್ ಡಿಲೀಟ್ ಮಾಡಿ ಅಂತ ಹುಡುಗರಿಗೆ ಹೇಳಿದ್ದೂ ಇಂಥ ಭಯಕ್ಕೇ.

ಪ್ರಶ್ನೆ: ರಮ್ ಇಲ್ದಿದ್ರೆ ಮಿಲಿಟರಿ ನಡೆಯಲ್ಲ ಅಂತಾರಲ್ಲ? — 'ಸಂಜೆ ಗೆಳೆಯರು', ಚನ್ನರಾಯಪಟ್ಟಣ

ನಿಮ್ಮ ಸಂಜೆ ನಡೆಯಲ್ಲ ಅನ್ನಿ, ಮಿಲಿಟರಿ ಹೆಸರು ಯಾಕೆ ಎಳೀತೀರಿ.

ರಮ್ ಇದೆ, ಸುಳ್ಳಲ್ಲ. ಬ್ರಿಟಿಷ್ ನೌಕಾಪಡೇಲಿ ದಿನಾ ರಮ್ ಕೊಡೋ ಪದ್ಧತಿ ನೂರಾರು ವರ್ಷ ನಡೆದು 1970ರ ಜುಲೈ 31ಕ್ಕೆ ನಿಂತಿದ್ದು. ಮೊದಲ ಮಹಾಯುದ್ಧದ ಕಂದಕದಲ್ಲಿ ಬೆಳಗಿನ ಚಳೀಲಿ ಒಂದೆರಡು ಚಮಚೆಯಷ್ಟು ಸುರಿಯೋರು, ಅದೂ ಆಫೀಸರ್ ಎದುರಿಗೇ ಕುಡೀಬೇಕು, ಕೂಡಿಡಂಗಿಲ್ಲ. ನಮ್ಮಲ್ಲೂ ಕೋಟಾ ಇದೆ, ಬಡಾ ಖಾನಾ ದಿನ ಆಫೀಸರು ಜವಾನರು ಒಟ್ಟಿಗೆ ಕೂತು ಉಣ್ಣೋವಾಗ ಅದೊಂದು ಸಂತೋಷ. ಆದ್ರೆ ಕಾಯೋ ಹೊತ್ತಿನ ಔಷಧಿ ಅಂತ ಕುಡಿಯಕ್ಕೆ ಶುರು ಮಾಡಿದವನು ಪೆನ್ಷನ್ ಬಂದ್ಮೇಲೂ ಕಾಯ್ತಾನೇ ಇರ್ತಾನೆ, ಕಾಯಕ್ಕೆ ಏನೂ ಇಲ್ದಿದ್ರೂ. ನಮ್ಮೂರಲ್ಲೇ ನೋಡಿದೀನಿ.

ಮದ್ಯಕ್ಕಿಂತ ಕೆಟ್ಟದ್ದೂ ನಡೆದಿದೆ. 1940ರಲ್ಲಿ ಜರ್ಮನಿ ಫ್ರಾನ್ಸ್ ಮೇಲೆ ಬಿದ್ದಾಗ ಕೆಲವೇ ತಿಂಗಳಲ್ಲಿ ತನ್ನ ಪಡೆಗಳಿಗೆ ಸುಮಾರು ಮೂರೂವರೆ ಕೋಟಿ 'ಪರ್ವಿಟಿನ್' ಮತ್ತೆ ಅದೇ ಥರದ ಮಾತ್ರೆ ಹಂಚಿತ್ತು, ನಿದ್ದೆ ಬರದ ಹಾಗೆ ಮಾಡೋ ಮೆಥಾಂಫೆಟಮೈನ್ ಅದು. ನಿದ್ದೆ ತಾನಾಗೇ ತೀರೋ ಸಾಲ ಅಲ್ಲ, ಆಮೇಲೆ ಬಡ್ಡಿ ಸಮೇತ ಕಕ್ಕಿಸುತ್ತೆ, ಜರ್ಮನ್ನರೇ ಆಮೇಲೆ ಆ ಮಾತ್ರೆ ಮೇಲೆ ಕಡಿವಾಣ ಹಾಕ್ಬೇಕಾಯ್ತು. ವಿಯೆಟ್ನಾಂನಲ್ಲಿ ಅಮೆರಿಕದ ಹುಡುಗರ ಕೈಗೆ ಹೆರಾಯಿನ್ ಅನ್ನೋ ಮಾದಕ ವಸ್ತು ಬೀಡಿ-ಬೆಂಕಿಪೊಟ್ಟಣದಷ್ಟು ಸುಲಭಕ್ಕೆ ಸಿಕ್ತಿತ್ತು. 1971ರಲ್ಲಿ ಮನೆಗೆ ವಾಪಸ್ಸಾದವರನ್ನ ಲೀ ರಾಬಿನ್ಸ್ ಅನ್ನೋ ಸಂಶೋಧಕಿ ಪರೀಕ್ಷೆ ಮಾಡಿದ್ರು, ಐದರಲ್ಲೊಬ್ಬ ಅಲ್ಲಿ ಚಟಕ್ಕೆ ಬಿದ್ದಿದ್ದ, ಆದ್ರೆ ಊರಿಗೆ ಬಂದ ಮೇಲೆ ಬಹುಪಾಲು ಜನ ತಾವಾಗೇ ಬಿಟ್ಟುಬಿಟ್ಟಿದ್ರು. ಅಂದ್ರೆ ಜಾಗ, ಭಯ, ಬೇಜಾರು ಮೂರೂ ಸೇರಿ ಚಟ ಹತ್ತಿಸಿತ್ತು ಅಂತಾಯ್ತು. ಎಲ್ಲರೂ ಬಿಟ್ರು ಅಂತ ತಿಳ್ಕೋಬೇಡಿ ಮತ್ತೆ, ಬಿಡಕ್ಕಾಗದೇ ಹೋದವರೂ ಇದ್ರು.

ಪ್ರಶ್ನೆ: ಯುದ್ಧಕ್ಕೆ ಹೋಗಿ ತಲೆ ಕೆಟ್ಟು ಬಂದವರನ್ನ ನಮ್ಮ ಕಡೆ ಪುಕ್ಕಲ ಅಂತ ಆಡ್ಕೋತಾರೆ. ಗಟ್ಟಿ ಮನಸ್ಸಿನವರಿಗೆ ಹಂಗಾಗಲ್ಲ ಅಲ್ವಾ? — ಓದುಗರು, ಬೆಳಗಾವಿ

ಆಗುತ್ತೆ. ಎಲ್ಲರಿಗೂ ಆಗುತ್ತೆ, ಟೈಮ್ ಅಷ್ಟೇ ಹೆಚ್ಚು ಕಮ್ಮಿ. ಇದೊಂದು ಪ್ರಶ್ನೆಗೆ ಸ್ವಲ್ಪ ಉದ್ದ ಬರೀತೀನಿ, ಸಂಪಾದಕರು ಕತ್ತರಿ ಹಾಕ್ಬಾರ್ದು.

'ಶೆಲ್ ಶಾಕ್' ಅನ್ನೋ ಹೆಸರು 1915ರಲ್ಲಿ ಚಾರ್ಲ್ಸ್ ಮೈಯರ್ಸ್ ಅನ್ನೋ ಡಾಕ್ಟರ್ ಲೇಖನದಿಂದ ಎಲ್ಲರಿಗೂ ಗೊತ್ತಾಗಿದ್ದು. ಮೈಮೇಲೆ ಗಾಯ ಇಲ್ಲ, ಆದ್ರೆ ಕಣ್ಣು ಕಾಣಲ್ಲ, ಮಾತು ನಿಂತಿದೆ, ಕೈಕಾಲು ನಡುಗ್ತಿದೆ. ಮೊದಲು ಶೆಲ್ ಸಿಡಿದ ಹೊಡೆತಕ್ಕೆ ಮಿದುಳಿಗೆ ಏಟಾಗಿರಬೇಕು ಅಂದ್ಕೊಂಡ್ರು, ನೋಡಿದ್ರೆ ಶೆಲ್ ಹತ್ತಿರವೇ ಬೀಳದವರಿಗೂ ಹಂಗೇ ಆಗ್ತಿದೆ. ಅದೇ ಯುದ್ಧದಲ್ಲಿ ಬ್ರಿಟಿಷ್ ಸೇನೆ ಓಡಿಹೋದ, ಹೇಡಿತನ ತೋರಿಸಿದ ಇತ್ಯಾದಿ ಆರೋಪದ ಮೇಲೆ ಕೊಂದ ತನ್ನವರೇ ಆದ 306 ಜನಕ್ಕೆ 2006ರಲ್ಲಿ ಸರ್ಕಾರ ಕ್ಷಮೆ ಕೊಡ್ತು. ತೊಂಬತ್ತು ವರ್ಷ ಆದಮೇಲೆ. ಅವರಲ್ಲಿ ಎಷ್ಟೋ ಜನ ಕಾಯಿಲೆಯವರೇ ಆಗಿದ್ದಿರಬೇಕು.

ಸ್ಕಾಟ್ಲೆಂಡಿನ ಎಡಿನ್‌ಬರೋ ಹತ್ತಿರ ಕ್ರೇಗ್‌ಲಾಕ್‌ಹಾರ್ಟ್ ಅಂತ ಆಫೀಸರುಗಳ ಆಸ್ಪತ್ರೆ ಇತ್ತು, ಅಲ್ಲಿ ಡಬ್ಲ್ಯು. ಎಚ್. ಆರ್. ರಿವರ್ಸ್ ಅಂತ ಒಬ್ಬ ಡಾಕ್ಟರು. ಈ ಮನುಷ್ಯನ ಬಗ್ಗೆ ನಮ್ಮವರಿಗೆ ಗೊತ್ತಿರಬೇಕಾದ ವಿಷಯ ಒಂದಿದೆ, ಯುದ್ಧಕ್ಕೆ ಹತ್ತು ಹನ್ನೆರಡು ವರ್ಷ ಮುಂಚೆ ಈತ ನಮ್ಮ ಪಕ್ಕದ ನೀಲಗಿರಿಗೆ ಬಂದು, ಗುಂಡ್ಲುಪೇಟೆ ಬಂಡೀಪುರ ದಾಟಿದ್ರೆ ಸಿಗೋ ಅದೇ ಊಟಿ ಬೆಟ್ಟದಲ್ಲಿ, ತೋಡ ಬುಡಕಟ್ಟಿನವರ ಜೊತೆ ತಿಂಗಳುಗಟ್ಟಲೆ ಇದ್ದು ಅವರ ಎಮ್ಮೆ, 'ಮಂದ್' ಅನ್ನೋ ಹಟ್ಟಿ, ನಂಟಸ್ತನ ಎಲ್ಲ ಕೇಳಿ ಬರ್ಕೊಂಡು 1906ರಲ್ಲಿ ದಪ್ಪ ಪುಸ್ತಕ ಮಾಡಿದ್ದ. ಸುಮ್ಮನೆ ಕೂತು ಇನ್ನೊಬ್ಬರ ಮಾತು ಕೇಳೋ ಗುಣ ಅಲ್ಲೇ ಪಳಗಿತ್ತೋ ಏನೋ, ಇದು ನನ್ನ ಊಹೆ ಅಷ್ಟೆ. ಆಸ್ಪತ್ರೇಲಿ ಆತ ಮಾಡಿದ್ದೂ ಅದನ್ನೇ. ಆಗ ಎಲ್ಲರೂ "ಮರೆತುಬಿಡು, ಬೇರೆ ಏನಾದ್ರೂ ಯೋಚನೆ ಮಾಡು" ಅಂತಿದ್ರು. ರಿವರ್ಸ್ ಹೇಳಿದ್ದು, ಹಂಗೆ ಒತ್ತಿ ಇಟ್ಟಿದ್ದೇ ರಾತ್ರಿ ಕನಸಲ್ಲಿ ಎದ್ದು ಬರ್ತಿದೆ, ಅದಕ್ಕೆ ಹಗಲೇ ಸ್ವಲ್ಪ ಸ್ವಲ್ಪ ಮಾತಾಡಿ ಅಂತ. ಅಲ್ಲೇ ಬ್ರಾಕ್ ಅಂತ ಇನ್ನೊಬ್ಬ ಡಾಕ್ಟರಿದ್ರು, ಅವರದ್ದು ಕೆಲಸದ ಚಿಕಿತ್ಸೆ, ತೋಟ ಮಾಡು, ಪಾಠ ಹೇಳು, ಆಸ್ಪತ್ರೆ ಪತ್ರಿಕೆ ನಡೆಸು. ವಿಲ್‌ಫ್ರೆಡ್ ಓವೆನ್ ಅನ್ನೋ ಕವಿ 1917ರಲ್ಲಿ ಅಲ್ಲಿ ಪೇಷೆಂಟ್ ಆಗಿದ್ದಾಗ ಆ ಪತ್ರಿಕೆ ಸಂಪಾದಕ. ನನಗೆ ಸಿಟ್ಟು ಬರೋದು ಎಲ್ಲಿ ಅಂದ್ರೆ, ಆಫೀಸರಿಗೆ ಮಾತು, ತೋಟ, ಪತ್ರಿಕೆ, ಸಾಮಾನ್ಯ ಸಿಪಾಯಿ ಮಾತು ಕಳ್ಕೊಂಡು ಬಂದ್ರೆ ಕೆಲವು ಕಡೆ ಗಂಟಲಿಗೆ ಕರೆಂಟ್ ಶಾಕ್.

ಈಗ ಗಟ್ಟಿ ಮನಸ್ಸಿನ ವಿಷಯಕ್ಕೆ ಬರ್ತೀನಿ. ಎರಡನೇ ಮಹಾಯುದ್ಧ ಮುಗಿದ ಮೇಲೆ, 1946ರಲ್ಲಿ, ಅಪೆಲ್ ಮತ್ತೆ ಬೀಬಿ ಅಂತ ಇಬ್ಬರು ಅಮೆರಿಕನ್ನರು ಲೆಕ್ಕ ಹಾಕಿದ್ರು, ಒಬ್ಬ ಕಾಲಾಳು ಮುಂಚೂಣೀಲಿ ಸುಮಾರು 200ರಿಂದ 240 ದಿನ ಇದ್ದ ಅಂದ್ರೆ ಎಷ್ಟೇ ಗಟ್ಟಿಗನಾಗಿದ್ರೂ ಅವನ ಕಥೆ ಮುಗೀತು, ಕೆಲಸಕ್ಕೆ ಬರಲ್ಲ. ಅದೇ ಬ್ರಿಟಿಷರ ಅಂದಾಜಲ್ಲಿ ಅವರ ಕಾಲಾಳು ಸುಮಾರು 400 ದಿನ ತಡೀತಾನೆ. ಯಾಕೆ, ಬ್ರಿಟಿಷರ ರಕ್ತ ಬೇರೆಯಾ? ಇಲ್ಲ, ಅವರು ಹೆಚ್ಚಂದ್ರೆ ಹನ್ನೆರಡು ದಿನಕ್ಕೆ ಅವನನ್ನ ಹಿಂದಕ್ಕೆ ಕರೆಸಿ ನಾಲ್ಕು ದಿನ ರೆಸ್ಟ್ ಕೊಡ್ತಿದ್ರು, ಅಮೆರಿಕದವನು ಸಾಯಬೇಕು ಇಲ್ಲ ಗಾಯ ಆಗ್ಬೇಕು, ಅಲ್ಲಿವರೆಗೆ ಅಲ್ಲೇ. ನಾನು ಓದಿದ್ರಲ್ಲೆಲ್ಲ ನನ್ನ ತಲೇಲಿ ಕೂತಿದ್ದು ಇದೊಂದೇ ಲೆಕ್ಕ. ಸಿನಿಮಾ ತೋರಿಸಿ, ಯೋಗ ಮಾಡಿಸಿ, ಲೆಕ್ಚರ್ ಕೊಡ್ಸಿ, ಬೇಡ ಅನ್ನಲ್ಲ, ಆದ್ರೆ ಇಂಥ ದಿನ ನನ್ನ ಸರದಿ ಮುಗಿಯುತ್ತೆ ಅಂತ ಸಿಪಾಯಿಗೆ ಗೊತ್ತಿರ್ಬೇಕು, ಆ ದಿನ ಬಂದಾಗ ನಿಜವಾಗ್ಲೂ ಮುಗೀಬೇಕು. ಯುಕ್ರೇನಲ್ಲಿ 2023ರಲ್ಲಿ ಸೈನಿಕರ ಹೆಂಡತೀರು ಬೀದಿಗಿಳಿದು ಕೇಳಿದ್ದೂ ಅದನ್ನೇ, ನಮ್ಮವರಿಗೆ ಬದಲಿ ಕಳಿಸಿ ಅಂತ.

ಪ್ರಶ್ನೆ: ಸಿಯಾಚಿನ್‌ನಲ್ಲಿ ಸತ್ತ ಸೈನಿಕನಿಗೆ ಗುಡಿ ಕಟ್ಟಿ ರಿಪೋರ್ಟ್ ಕೊಡ್ತಾರಂತೆ. ಮೂಢನಂಬಿಕೆ ಅಲ್ವಾ ಇದು? — ಓದುಗರು, ಧಾರವಾಡ

ಓಪಿ ಬಾಬಾ ಬಗ್ಗೆ ಕೇಳ್ತಿದೀರಿ. ಓಂ ಪ್ರಕಾಶ್ ಅನ್ನೋ ಸೈನಿಕ ಮಲೌನ್ ಅನ್ನೋ ಪೋಸ್ಟಲ್ಲಿ ಒಬ್ಬಂಟಿಯಾಗಿ ಶತ್ರುವನ್ನ ತಡೆದ ಅಂತ ಕಥೆ, ಮೇಲಕ್ಕೆ ಹೋಗೋ ತುಕಡಿ ಮೊದಲು ಬಾಬಾಗೆ ರಿಪೋರ್ಟ್ ಕೊಟ್ಟು ಹೋಗುತ್ತೆ, ಇಳಿದು ಬಂದ್ಮೇಲೂ ಎಲ್ಲರೂ ವಾಪಸ್ ಬಂದ್ವಿ ಅಂತ ರಿಪೋರ್ಟ್.

1984ರ ಏಪ್ರಿಲ್ 13ರಿಂದ ನಮ್ಮವರು ಅಲ್ಲಿದಾರೆ. ಗುಂಡಿಗಿಂತ ಹಿಮ, ಚಳಿ, ಉಸಿರಾಡಕ್ಕೆ ಆಮ್ಲಜನಕ ಸಾಲದ ಎತ್ತರವೇ ಜಾಸ್ತಿ ಜನರನ್ನ ತಿಂದಿದೆ. ಫೈಬರ್ ಗುಡಿಸಲಲ್ಲಿ ಕೆಲವೇ ಜನ, ಸೀಮೆಎಣ್ಣೆ ಒಲೆ, ಎಲ್ಲದರ ಮೇಲೂ ಮಸಿ, ಹೊರಗೆ ಬಿರುಗಾಳಿ ಶುರುವಾದ್ರೆ ದಿನಗಟ್ಟಲೆ ಬಾಗಿಲು ತೆಗೆಯಂಗಿಲ್ಲ. ಹಸಿವಿಲ್ಲ, ನಿದ್ದೆ ಬರಲ್ಲ, ಮಾತಾಡಿದ್ದನ್ನೇ ಮಾತಾಡಿ ಎಲ್ಲರ ಊರು, ಎಲ್ಲರ ಮನೆ ನಾಯಿ ಹೆಸರೂ ಬಾಯಿಪಾಠ. ನಿಮ್ಮ ಜಿಲ್ಲೆಯ ಬೆಟದೂರಿನ ಹನುಮಂತಪ್ಪ ಕೊಪ್ಪದ ಅವರನ್ನ ನಿಮಗೆ ನಾನು ನೆನಪಿಸಬೇಕಾಗಿಲ್ಲ, 2016ರ ಫೆಬ್ರವರಿ 3ಕ್ಕೆ ಮದ್ರಾಸ್ ರೆಜಿಮೆಂಟಿನ ಹತ್ತು ಜನರ ಮೇಲೆ ಹಿಮ ಕುಸೀತು, ಆರು ದಿನ ಆದ್ಮೇಲೆ ಅಗೆದಾಗ ಅವರೊಬ್ಬರು ಉಸಿರಾಡ್ತಿದ್ರು, 11ನೇ ತಾರೀಕು ದೆಹಲಿ ಆಸ್ಪತ್ರೇಲಿ ಹೋದ್ರು. ಅಂಥ ಜಾಗದಲ್ಲಿ ಯಾರ ಕೈಲೂ ಏನೂ ಇರಲ್ಲ. ಏನೂ ಕೈಲಿಲ್ಲದಾಗ ಮನುಷ್ಯ ಒಂದು ಚಿಕ್ಕ ಕಟ್ಟಲೆ ಇಟ್ಕೋತಾನೆ, ದಿನಾ ದೀಪ ಹಚ್ಚೋದು, ಹೋಗೋವಾಗ ಸಲ್ಯೂಟ್ ಹೊಡೆಯೋದು. ಮೂಢನಂಬಿಕೆ ಅಂತ ಧಾರವಾಡದಲ್ಲಿ ಕೂತು ಹೇಳಬಹುದು, ನಾನೂ ಕೆಳಗಿದ್ದಾಗ ಹೇಳ್ತಿದ್ದೆ. ಆ ಕಟ್ಟಲೇಲಿ ಒಂದು ಉಪಯೋಗ ಕೂಡ ಇದೆ ನೋಡಿ, ರಿಪೋರ್ಟ್ ಕೊಡ್ಬೇಕು ಅಂದ್ರೆ ತಲೆ ಎಣಿಸ್ಲೇಬೇಕು.

ಪ್ರಶ್ನೆ: ಸಿನಿಮಾ ಸ್ಟಾರ್‌ಗಳು ಗಡಿಗೆ ಹೋಗಿ ಕುಣಿದ್ರೆ ಏನ್ ಉಪಯೋಗ? — ಓದುಗರು, ಬಳ್ಳಾರಿ

ಒಂದು ಸಂಜೆ ಉಪಯೋಗ. ಅದೂ ಕಮ್ಮಿ ಏನಲ್ಲ. 1962ರ ನಂತರ ಸುನಿಲ್ ದತ್, ನರ್ಗಿಸ್ ತಂಡ ಕಟ್ಕೊಂಡು ಗಡೀಲಿ ಪ್ರೋಗ್ರಾಂ ಕೊಟ್ರು, 1944ರಲ್ಲಿ ವೆರಾ ಲಿನ್ ಅನ್ನೋ ಗಾಯಕಿ ಬರ್ಮಾ ಫ್ರಂಟಿನ ಸೆಖೇಲಿ ಹಾಡಿದ್ರು. ವಿವಿಧ ಭಾರತಿ ರೇಡಿಯೋದಲ್ಲಿ ಫೌಜಿ ಭಾಯಿಗಳ ಹಾಡಿನ ಕಾರ್ಯಕ್ರಮ 'ಜಯಮಾಲಾ' ಅಂತೂ ದಿನಾ ಬರ್ತಿತ್ತು, ಸ್ಟಾರ್ ಬಂದು ಹೋಗೋದಕ್ಕಿಂತ ಅದು ದೊಡ್ಡದು ನನಗೆ. ಇದೆಲ್ಲಕ್ಕಿಂತ ನನಗಿಷ್ಟ ಆಗಿದ್ದು ಬೆಲ್ಜಿಯಂನ ಪೊಪೆರಿಂಗೆ ಊರಿನ ಟಾಲ್ಬಟ್ ಹೌಸ್, 1915ರ ಡಿಸೆಂಬರಲ್ಲಿ ಒಬ್ಬ ಪಾದ್ರಿ ಶುರು ಮಾಡಿದ್ದು, ಚಹಾ, ತೋಟ, ಪಿಯಾನೋ, ಲೈಬ್ರರಿ. ಒಳಗೆ ಬಂದ್ರೆ ಆಫೀಸರ್ ಸಿಪಾಯಿ ಭೇದ ಇಲ್ಲ. ಪುಸ್ತಕ ಬೇಕಂದ್ರೆ ನಿನ್ನ ಟೋಪಿ ಅಡವಿಟ್ಟು ತಗೋ, ಟೋಪಿ ಇಲ್ದೆ ಸೈನಿಕ ಹೊರಗೆ ಹೋಗಂಗಿಲ್ಲ, ಹಂಗಾಗಿ ಪುಸ್ತಕ ವಾಪಸ್ ಬಂದೇ ಬರುತ್ತೆ. ನಮ್ಮೂರ ಗ್ರಂಥಾಲಯದವರು ಇದನ್ನ ಗಮನಿಸಬೇಕು.

ಪ್ರಶ್ನೆ: ಸಾವಿನ ಮುಂದೆ ಕೂತು ಜೋಕ್ ಮಾಡಕ್ಕೆ ಮನಸ್ಸು ಬರುತ್ತಾ? — ಓದುಗರು, ಉಡುಪಿ

ಅಲ್ಲೇ ಬರೋದು. ಆ ಜೋಕುಗಳು ಈ ಪತ್ರಿಕೇಲಿ ಅಚ್ಚಾಗಲ್ಲ. ಅಚ್ಚಾಗಿದ್ದೂ ಇದೆ, 1916ರ ಫೆಬ್ರವರೀಲಿ ಬೆಲ್ಜಿಯಂನ ಈಪ್ರ್ ಊರಿನ ಹಾಳುಬಿದ್ದ ಮನೆಗಳ ಮಧ್ಯೆ ಬ್ರಿಟಿಷ್ ಸೈನಿಕರಿಗೆ ಒಂದು ಪ್ರಿಂಟಿಂಗ್ ಮೆಷಿನ್ ಸಿಕ್ತು, ಶೆಲ್ ಬೀಳ್ತಿರೋವಾಗಲೇ ನಗೆ ಪತ್ರಿಕೆ ಶುರು ಮಾಡಿದ್ರು. ಅದರಲ್ಲೊಂದು ಸುಳ್ಳು ಜಾಹೀರಾತು, ಆಶಾವಾದ ಅನ್ನೋದೊಂದು ಕಾಯಿಲೆ, ಯುದ್ಧ ಬೇಗ ಮುಗಿಯುತ್ತೆ ಅಂತ ಬೆಳಗ್ಗೆ ಎದ್ದಾಗ ಅನ್ಸುತ್ತಾ, ಹಂಗಾದ್ರೆ ನಮ್ಮಲ್ಲಿ ಬನ್ನಿ ವಾಸಿ ಮಾಡ್ತೀವಿ, ಈ ಧಾಟೀಲಿ. ಕಾರ್ಗಿಲ್‌ನಲ್ಲಿ 1999ರ ಜೂನಲ್ಲಿ ಪಾಯಿಂಟ್ 5140 ಅನ್ನೋ ಶಿಖರ ಗೆದ್ದ ಮೇಲೆ ಕ್ಯಾಪ್ಟನ್ ವಿಕ್ರಂ ಬಾತ್ರಾ ವೈರ್‌ಲೆಸ್ಸಲ್ಲಿ ಹೇಳಿದ್ದು ಯಾವ ವೀರವಾಣೀನೂ ಅಲ್ಲ, ಟಿವೀಲಿ ಬರ್ತಿದ್ದ ತಂಪು ಪಾನೀಯದ ಜಾಹೀರಾತಿನ ಸಾಲು, ಯೇ ದಿಲ್ ಮಾಂಗೇ ಮೋರ್.

ಪ್ರಶ್ನೆ: ಮಗ ರಜಕ್ಕೆ ಬಂದಿದಾನೆ. ನಮ್ಮ ಹತ್ರ ಮಾತಿಲ್ಲ, ರಾತ್ರಿ ಜಗುಲಿ ಮೇಲೆ ಕೂತಿರ್ತಾನೆ, ಯೂನಿಟ್ ಗೆಳೆಯರ ಫೋನ್ ಬಂದ್ರೆ ಮಾತ್ರ ನಗ್ತಾನೆ. ದೃಷ್ಟಿ ತೆಗೆಸೋದಾ, ಡಾಕ್ಟರಾ? — ಒಬ್ಬ ತಂದೆ, ಅರಸೀಕೆರೆ

ದೃಷ್ಟಿ ತೆಗೀರಿ, ತಾಯಿಗೆ ಸಮಾಧಾನ ಆಗುತ್ತೆ. ಆದ್ರೆ ಅಷ್ಟಕ್ಕೇ ನಿಲ್ಲಿಸ್ಬೇಡಿ.

ಮೊದಲ ಕೆಲವು ದಿನ ಹಂಗಿರೋದು ಸಹಜ, ಪೋಸ್ಟಲ್ಲಿ ರಾತ್ರಿ ಎಚ್ಚರ ಇದ್ದವನಿಗೆ ಮನೇಲಿ ರಾತ್ರಿ ನಿದ್ದೆ ಬಾ ಅಂದ್ರೆ ಎಲ್ಲಿ ಬರುತ್ತೆ. ಗೆಳೆಯರ ಹತ್ರ ನಗ್ತಾನೆ ಅಂತ ಹೊಟ್ಟೆಕಿಚ್ಚು ಬೇಡ, ಅವರಿಗೆ ಬಿಡಿಸಿ ಹೇಳೋದು ಏನೂ ಇರಲ್ಲ, ಗೊತ್ತಿರುತ್ತೆ. ಬಂದ ನೆಂಟರಿಗೆಲ್ಲ "ಎಷ್ಟು ಜನರನ್ನ ಹೊಡ್ದೆ" ಅಂತ ಕೇಳಕ್ಕೆ ಬಿಡ್ಬೇಡಿ, ಬಾಗಿಲಲ್ಲೇ ತಡೀರಿ. ಕೆಲಸ ಕೊಡಿ, ತೋಟಕ್ಕೆ ಕರ್ಕೊಂಡ್ ಹೋಗಿ, ಪಕ್ಕದಲ್ಲಿ ನೀವೂ ಪಾತಿ ಮಾಡ್ತಾ ಇರಿ, ಮಾತಾಡಿದ್ರೆ ಕೇಳಿ, ಮಧ್ಯೆ ಬುದ್ಧಿ ಹೇಳ್ಬೇಡಿ.

ಕೆಟ್ಟ ಕನಸು, ಸದ್ದಿಗೆ ಬೆಚ್ಚಿಬೀಳೋದು, ಸುಮ್ಮಸುಮ್ಮನೆ ಸಿಟ್ಟು ಒಂದು ತಿಂಗಳು ದಾಟಿದ್ರೂ ಕಮ್ಮಿ ಆಗ್ಲಿಲ್ಲ ಅಂದ್ರೆ, ಕುಡಿತ ಜಾಸ್ತಿ ಆದ್ರೆ ಡಾಕ್ಟರ ಹತ್ರ ಹೋಗ್ಲೇಬೇಕು. "ಬದುಕಿ ಏನ್ ಮಾಡೋದು" ಅನ್ನೋ ಮಾತು ಬಂದ್ರೆ ಒಂದು ದಿನಾನೂ ಕಾಯಂಗಿಲ್ಲ. ಮಿಲಿಟರಿ ಆಸ್ಪತ್ರೇಲಿ ಮನೋವೈದ್ಯರಿದಾರೆ, ಅವನ ಯೂನಿಟ್ಟಿಗೆ ತಿಳಿಸಿದ್ರೆ ದಾರಿ ತೋರಿಸ್ತಾರೆ. ರೆಕಾರ್ಡಲ್ಲಿ ಬರುತ್ತೆ, ಪ್ರಮೋಷನ್ ಹೋಗುತ್ತೆ ಅಂತ ಹುಡುಗರು ಹೆದರ್ತಾರೆ, ಆ ಹೆದರಿಕೆ ಪೂರ್ತಿ ಸುಳ್ಳು ಅಂತ ನಾನು ಹೇಳಲ್ಲ, ಆದ್ರೆ ಮೊದಲು ಮಗ ಉಳೀಬೇಕು. ಅದಕ್ಕೂ ಮುಂಚೆ ಹೆಸರು ಹೇಳದೇ ಬರೀ ಮಾತಾಡ್ಬೇಕು ಅಂದ್ರೆ ಟೆಲಿ ಮಾನಸ್ ನಂಬರ್ 14416, ದುಡ್ಡು ಕೊಡೋದಿಲ್ಲ, ಹಗಲು ರಾತ್ರಿ ಇರುತ್ತೆ, ಕನ್ನಡದಲ್ಲೇ ಮಾತಾಡ್ತಾರೆ. 2022ರ ಅಕ್ಟೋಬರಲ್ಲಿ ಶುರುವಾಗಿದ್ದು, ಅದರ ಮುಖ್ಯ ಕೇಂದ್ರ ನಮ್ಮ ಬೆಂಗಳೂರಿನ ನಿಮ್ಹಾನ್ಸ್. ಸೈನಿಕರಿಗೆ ಮತ್ತೆ ಅವರ ಮನೆಯವರಿಗೆ ಅಂತಾನೇ 2023ರ ಡಿಸೆಂಬರಲ್ಲಿ ಪುಣೆಯ ಸೇನಾ ವೈದ್ಯಕೀಯ ಕಾಲೇಜಲ್ಲಿ ಅದರದ್ದೊಂದು ಬೇರೆ ಸೆಲ್ ಕೂಡ ತೆರೆದಿದಾರೆ. ಮಗ ಮಾಡಲ್ಲ ಅಂದ್ರೆ ನೀವೇ ಫೋನ್ ಮಾಡಿ ಕೇಳಿ, ಅಪ್ಪ ಅಮ್ಮಂದಿರಿಗೂ ಅದು ಇದೆ.

ಪ್ರಶ್ನೆ: ಶತ್ರುವಿನ ಕೈಗೆ ಸಿಕ್ಕಿಬಿದ್ದವರು ಟೈಮ್ ಹೆಂಗೆ ಕಳೀತಾರೆ? — ಓದುಗರು, ವಿರಾಜಪೇಟೆ

ಕೊಡಗಿನವರು ಕೇಳ್ತಿರೋದ್ರಿಂದ ಫೀಲ್ಡ್ ಮಾರ್ಷಲ್ ಕಾರ್ಯಪ್ಪನವರ ಮಗ 1965ರಲ್ಲಿ ಸೆರೆಸಿಕ್ಕ ಕಥೆ ನಿಮಗೆ ಗೊತ್ತಿರುತ್ತೆ, ಪಾಕಿಸ್ತಾನದವರು ಬಿಟ್ಟುಕಳಿಸ್ತೀವಿ ಅಂದಾಗ ಸೆರೆಯಲ್ಲಿರೋರೆಲ್ಲ ನನ್ನ ಮಕ್ಕಳೇ ಅಂತ ಅಪ್ಪ ಒಪ್ಪಲಿಲ್ಲ. ಅದಕ್ಕೆ ಇನ್ನೊಂದು ಹೇಳ್ತೀನಿ. 1971ರಲ್ಲಿ ಸಿಕ್ಕಿಬಿದ್ದ ನಮ್ಮ ವಾಯುಪಡೆ ಪೈಲಟ್‌ಗಳನ್ನ ರಾವಲ್ಪಿಂಡಿ ಕ್ಯಾಂಪಲ್ಲಿ ಇಟ್ಟಿದ್ರು. ಯುದ್ಧ ಮುಗಿದು ತಿಂಗಳುಗಳಾದ್ರೂ ಬಿಡುಗಡೆ ಇಲ್ಲ, ದಿನಾಂಕವೂ ಇಲ್ಲ. ಅದರಲ್ಲಿ ದಿಲೀಪ್ ಪರೂಲ್ಕರ್ ಅನ್ನೋರಿಗೆ ತಪ್ಪಿಸ್ಕೊಂಡು ಹೋಗೋ ಪ್ಲಾನೇ ಟೈಮ್ ಪಾಸು. ರಾತ್ರಿ ರಾತ್ರಿ ಗೋಡೆ ಇಟ್ಟಿಗೆ ಸಡಿಲ ಮಾಡಿ, 1972ರ ಆಗಸ್ಟ್‌ನ ಒಂದು ಬಿರುಗಾಳಿ ರಾತ್ರಿ ಗ್ರೇವಾಲ್, ಹರೀಶ್ ಸಿನ್ಹ್‌ಜಿ ಜೊತೆ ತೂರ್ಕೊಂಡು ಹೊರಬಿದ್ರು. ಪೇಶಾವರ ದಾಟಿ ಅಫ್ಘಾನಿಸ್ತಾನದ ಗಡಿ ಹತ್ರಹತ್ರ ಬಂದು ಲಂಡಿಖಾನಾ ಸ್ಟೇಷನ್‌ಗೆ ಹೆಂಗೆ ಹೋಗೋದು ಅಂತ ದಾರಿ ಕೇಳಿದ್ರು. ಆ ಸ್ಟೇಷನ್ 1932ರಲ್ಲೇ ಮುಚ್ಚಿತ್ತು. ನಲವತ್ತು ವರ್ಷದ ಹಿಂದೆ ಮುಚ್ಚಿದ ಸ್ಟೇಷನ್ ಕೇಳ್ತಿರೋ ಈ ಹುಡುಗ್ರು ಯಾರಪ್ಪಾ ಅಂತ ಜನಕ್ಕೆ ಅನುಮಾನ ಬಂತು, ಹಿಡಿದುಹಾಕಿದ್ರು. ಆ ಡಿಸೆಂಬರ್ 1ಕ್ಕೆ ಬೇರೆ ಕೈದಿಗಳ ಜೊತೆ ಅವರೂ ವಾಘಾ ದಾಟಿ ಊರಿಗೆ ಬಂದ್ರು.